ಜೊತೆಗಾರ ನಿಲ್ಲಿಸಿದ ಕಲ್ಲು

ಉಡುಪಿಯಿಂದ ಕಾಪುವಿಗೆ ಹೋಗುವ ಹೆದ್ದಾರಿಯಲ್ಲಿ ಕಟಪಾಡಿಗಿಂತ ಮೊದಲು ಸಿಗುವ ಉದ್ಯಾವರ ಒಂದು ಕಾಲದ ಉದಯಪುರ, ಆಳುಪ ಅರಸರ ರಾಜಧಾನಿ. ಅಲ್ಲಿನ ಶಂಭುಕಲ್ಲು ದೇವಸ್ಥಾನದ ಪರಿಸರದ ಶಾಸನಗಳನ್ನು ಜರ್ಮನ್ ವಿದ್ವಾಂಸ ಇ. ಹುಲ್ಟ್ಷ್ ಓದಿ 'ಎಪಿಗ್ರಾಫಿಯಾ ಇಂಡಿಕಾ'ದ ಒಂಬತ್ತನೆಯ ಸಂಪುಟದಲ್ಲಿ, ಅಂದರೆ 1907–08ರ ಸುಮಾರಿಗೆ, ಪ್ರಕಟಿಸಿದರು. ಅವುಗಳಲ್ಲಿ ಹಲವು ವೀರಗಲ್ಲುಗಳು. ಚಿತ್ರವಾಹನ, ರಣಸಾಗರ, ಶ್ವೇತವಾಹನ ಎಂಬ ಹೆಸರುಗಳು ಅವುಗಳಲ್ಲಿ ಬರುತ್ತವೆ. ಒಂದೇ ಮನೆತನದವರು ಒಂದು ಊರಿಗಾಗಿ ಕಾದಾಡಿದ ಕಾಲವದು. ಸುಮಾರು ಎಂಟನೆಯ ಶತಮಾನ.

ಈ ಕಲ್ಲುಗಳ ಬರಹವನ್ನು ನಿಧಾನವಾಗಿ ಓದಬೇಕು. ನಿಧಾನಕ್ಕೆ ಓದಿದರೂ ಬೇಗ ಮುಗಿದುಹೋಗುವಷ್ಟು ಚಿಕ್ಕವು. ಯಾವ ಅರಸ ಉದಯಪುರದ ಮೇಲೆ ಬಂದ ಹೊತ್ತು, ಸತ್ತವನು ಯಾರ ಆಳು, ಅವನ ಹೆಸರೇನು, ಕಾದಿದ, ಸ್ವರ್ಗಕ್ಕೆ ಏರಿದ. ಇಷ್ಟೇ. ಅವನು ಸಿಂಹವೆಂದಾಗಲಿ ಸಿಡಿಲೆಂದಾಗಲಿ ಹೊಗಳುವುದಕ್ಕೆ ಕಲ್ಲಿನಲ್ಲಿ ಜಾಗ ಮಾಡಿಲ್ಲ. ಅರಸರ ತಾಮ್ರಶಾಸನಗಳಲ್ಲಿ ಬಿರುದುಗಳ ಸಾಲು ಮುಗಿದು ವಿಷಯಕ್ಕೆ ಬರುವಷ್ಟರಲ್ಲಿ ಓದುಗನ ಉಸಿರು ಕಟ್ಟುತ್ತದೆ. ಇಲ್ಲಿ ಆಳಿನ ಹೆಸರಿಗೂ ಅವನ ಸಾವಿಗೂ ನಡುವೆ ಒಂದೇ ಹೆಜ್ಜೆ. ಅರಸರಲ್ಲಿ ಯಾರು ಗೆದ್ದರು, ಯಾರ ನಂತರ ಯಾರು ಬಂದರು ಎಂದು ಇತಿಹಾಸಕಾರರು ಇವತ್ತಿಗೂ ಲೆಕ್ಕ ಹಾಕಬೇಕಾಗಿದೆ. ಬಿದ್ದ ಆಳಿನ ವಿಷಯದಲ್ಲಿ ಕಲ್ಲು ಅನುಮಾನಕ್ಕೆ ಎಡೆಗೊಟ್ಟಿಲ್ಲ. ಈ ಹದ ನನಗೆ ತುಂಬ ಪ್ರಿಯ. ಸತ್ತವನ ಬಗ್ಗೆ ಬರೆಯುವವನಿಗೆ ಸಾವಿರ ಮಾತು ಬಾಯಿಗೆ ಬರುತ್ತದೆ. ಅವನ್ನೆಲ್ಲ ನುಂಗಿಕೊಂಡು ಯಾರು, ಎಲ್ಲಿ, ಯಾರ ಜೊತೆ ಎಂಬುದನ್ನು ಮಾತ್ರ ಉಳಿಸುವುದಕ್ಕೆ ಗಟ್ಟಿ ಮನಸ್ಸು ಬೇಕು. ಪಕ್ಕದಲ್ಲಿ ನಿಂತು ಕಂಡವನಿಗೆ ಆ ಗಟ್ಟಿತನ ಸಹಜವಾಗಿ ಬರುತ್ತದೆ ಎಂದು ನನ್ನ ನಂಬಿಕೆ.

ಉಡುಪಿಯಿಂದ ಉತ್ತರಕ್ಕೆ ಹೋದರೆ ಬಾರ್ಕೂರು. ಅಲ್ಲಿನ ಕತ್ತಲೆ ಬಸದಿಯ ಆವರಣದಲ್ಲಿ ವೀರಗಲ್ಲುಗಳು ಸಾಲಾಗಿ ನಿಂತಿವೆ. ಕನ್ನಡ ನಾಡಿನ ವೀರಗಲ್ಲಿಗೆ ಒಂದು ರೂಢಿಯ ಕಟ್ಟಳೆ ಇದೆ. ಕೆಳಗಿನ ಅಂಕಣದಲ್ಲಿ ಹೋರಾಟ, ನಡುವೆ ಅಪ್ಸರೆಯರು ಅವನನ್ನು ಕರೆದೊಯ್ಯುವ ನೋಟ, ಮೇಲೆ ದೇವರ ಸನ್ನಿಧಿ, ತುದಿಯಲ್ಲಿ ಸೂರ್ಯ ಚಂದ್ರರು. ನೋಡುವವನು ಕೆಳಗಿನಿಂದ ಮೇಲಕ್ಕೆ ಓದಬೇಕು. ಪುಸ್ತಕ ಓದಿ ಅಭ್ಯಾಸವಾದ ನಮ್ಮ ಕಣ್ಣು ಮೇಲಿನಿಂದ ಶುರುಮಾಡಿ ಮೊದಲೇ ಸ್ವರ್ಗ ಕಂಡುಬಿಡುತ್ತದೆ. ಮೊಣಕಾಲೂರಿ ಕೆಳಗಿನ ಅಂಕಣದ ಮುಂದೆ ಕೂತರೆ ಮಾತ್ರ ಶಿಲ್ಪಿಯ ಕೆಲಸ ತಿಳಿಯುತ್ತದೆ. ಮೇಲಿನ ಎರಡು ಅಂಕಣಗಳು ಎಲ್ಲ ಕಲ್ಲಿನಲ್ಲೂ ಬಹುಮಟ್ಟಿಗೆ ಒಂದೇ. ಸ್ವರ್ಗಕ್ಕೆ ಹೋಗುವ ದಾರಿ ಎಲ್ಲರಿಗೂ ಒಂದೇ ತಾನೆ? ಬೇರೆಬೇರೆಯಾಗಿರುವುದು ನೆಲದ ಮೇಲಿನ ಅಂಕಣ. ಒಬ್ಬ ಬಿಲ್ಲು ಹಿಡಿದಿದ್ದಾನೆ, ಒಬ್ಬ ಕತ್ತಿ ಗುರಾಣಿ, ಇನ್ನೊಂದೆಡೆ ಕುದುರೆ. ಸತ್ತವನು ಎಲ್ಲರಂತೆ ಇನ್ನೊಬ್ಬನಾಗದೆ ಅವನೇ ಆಗಿ ಉಳಿದಿರುವುದು ಆ ಕೆಳಗಿನ ಒಂದು ಗೇಣಿನಲ್ಲಿ.

ಇಂಥ ಕಲ್ಲುಗಳನ್ನು ನಿಲ್ಲಿಸುತ್ತಿದ್ದವರು ಬದುಕಿ ಉಳಿದವರು. ಒಡೆಯ, ಬಂಧು, ಕೆಲವೊಮ್ಮೆ ಜೊತೆಯಲ್ಲಿ ಕಾದಿದವನು. ನಿಲ್ಲಿಸಿದವನ ದನಿ ಸ್ಪಷ್ಟವಾಗಿ ಕೇಳುವ ಒಂದು ಕಲ್ಲು ನಮ್ಮಲ್ಲಿದೆ. ಅದನ್ನು ನೋಡಲು ಘಟ್ಟ ಹತ್ತಬೇಕು. ಮಂಡ್ಯ ಜಿಲ್ಲೆಯ ಆತಕೂರಿನಲ್ಲಿ ಸಿಕ್ಕಿ, ಈಗ ಬೆಂಗಳೂರಿನ ಕಸ್ತೂರಬಾ ರಸ್ತೆಯ ಸರ್ಕಾರಿ ವಸ್ತುಸಂಗ್ರಹಾಲಯದಲ್ಲಿರುವ ಆತಕೂರು ಶಾಸನ. ಕಾಲ ಶಕ 872, ಅಂದರೆ ಕ್ರಿ.ಶ. 949–50. ಆಗಷ್ಟೇ ತಕ್ಕೋಲದ ಯುದ್ಧ ಮುಗಿದಿತ್ತು. ರಾಷ್ಟ್ರಕೂಟ ಮೂರನೆಯ ಕೃಷ್ಣನೂ ಅವನ ಭಾವನಾದ ಗಂಗರ ಬೂತುಗನೂ ಒಂದು ಕಡೆ, ಚೋಳರ ರಾಜಾದಿತ್ಯ ಇನ್ನೊಂದು ಕಡೆ. ರಾಜಾದಿತ್ಯ ಆನೆಯ ಮೇಲೆಯೇ ಸತ್ತ. ದಕ್ಷಿಣ ಭಾರತದ ಚರಿತ್ರೆಯ ದಿಕ್ಕು ಕೆಲವು ದಶಕಗಳ ಮಟ್ಟಿಗೆ ಬದಲಾಯಿತು. ಶಾಲೆಯ ಪುಸ್ತಕಗಳು ಈ ಕಲ್ಲನ್ನು ಉಲ್ಲೇಖಿಸುವುದು ಆ ಯುದ್ಧಕ್ಕಾಗಿ.

ಕಲ್ಲು ನಿಂತದ್ದು ಬೇರೊಂದು ಕಾರಣಕ್ಕೆ. ಬೂತುಗನ ಪಡೆಯಲ್ಲಿ ಮಣಲೇರ ಎಂಬವನಿದ್ದ. ಯುದ್ಧದಲ್ಲಿ ಅವನ ಪರಾಕ್ರಮ ಕಂಡು ಮೆಚ್ಚಿದ ಒಡೆಯ ಬೇಕಾದ್ದನ್ನು ಕೇಳು ಎಂದ. ಮಣಲೇರ ಕೇಳಿದ್ದು ಊರಲ್ಲ, ಹೊನ್ನಲ್ಲ, ಕಾಳಿ ಎಂಬ ಬೇಟೆನಾಯಿ. ಒಡೆಯ ಕೊಟ್ಟ. ಮುಂದೆ ಬೇಳತೂರಿನ ಗುಡ್ಡದಲ್ಲಿ ಒಂದು ದೊಡ್ಡ ಹಂದಿಯ ಮೇಲೆ ನಾಯಿಯನ್ನು ಬಿಟ್ಟಾಗ ಹಂದಿಯೂ ನಾಯಿಯೂ ಕಾದಾಡಿ ಎರಡೂ ಸತ್ತವು. ಮಣಲೇರ ಆತಕೂರಿನ ಚಲ್ಲೇಶ್ವರ ದೇವಾಲಯದ ಎದುರು ಕಾಳಿಗೆ ಕಲ್ಲು ನಿಲ್ಲಿಸಿದ. ಆ ಕಲ್ಲಿಗೆ ಭೂಮಿ ಬಿಟ್ಟ. ಪೂಜೆ ಮಾಡುವ ಗೊರವ ಕಲ್ಲಿಗೆ ಪೂಜೆ ಸಲ್ಲಿಸದೆ ಉಂಡರೆ ನಾಯಿಯ ಪಾಪ ತಗಲುವುದೆಂದು ಬರೆಸಿದ.

ಕಲ್ಲಿನ ಚಿತ್ರದಲ್ಲಿ ನಾಯಿ ಹಂದಿಗೆ ಎದುರಾಗಿ ಮೇಲೆರಗಿದೆ. ಎರಡೂ ಮೈಗಳಲ್ಲಿ ಬಿಗಿತ. ಹಂದಿಯ ಬೆನ್ನಿನ ದಪ್ಪಕ್ಕೆ ನಾಯಿಯ ಸಪೂರ ಸೊಂಟ ಎದುರಾಗಿರುವುದನ್ನು ನೋಡುತ್ತ ನಿಂತರೆ ಹೊತ್ತು ಹೋಗುವುದು ತಿಳಿಯುವುದಿಲ್ಲ. ಸುತ್ತ ಅಕ್ಷರಗಳು. ಚೋಳರ ರಾಜಕುಮಾರ ಸತ್ತ ಸುದ್ದಿ ಒಂದು ನಾಯಿಯ ಚಿತ್ರದ ಅಂಚಿನಲ್ಲಿ ನಮಗೆ ದಕ್ಕಿದೆ. ಮಣಲೇರನಿಗೆ ಎರಡೂ ಬರೆಸಬೇಕಾದ ಸಂಗತಿಗಳೇ. ಒಡೆಯನ ಗೆಲುವು, ತನ್ನ ಕೆಲಸ, ಕಾಳಿಯ ಸಾವು, ಎಲ್ಲವೂ ಒಂದೇ ಕಲ್ಲಿನ ಮೇಲೆ, ಯಾವುದನ್ನೂ ಕಿರಿದು ಮಾಡದೆ. ಮಹಾಯುದ್ಧ ಕಂಡು ಬಂದವನು ಜೊತೆಗಿದ್ದ ಜೀವವನ್ನು ಈ ಪರಿ ಮನಸ್ಸಿನಲ್ಲಿ ಇಟ್ಟುಕೊಂಡನಲ್ಲ! ಕನ್ನಡದಲ್ಲಿ ಒಬ್ಬ ಯೋಧನ ಪ್ರೀತಿ ಇಷ್ಟು ನೇರವಾಗಿ ಕಾಣುವ ಬರಹ ಬೇರೊಂದನ್ನು ನಾನು ಕಂಡಿಲ್ಲ.

ಒಂದು ಸಾವಿರ ವರ್ಷ ಆಚೆಗೆ ಬರೋಣ. ಕೊಡಗಿನ ಅಜ್ಜಮಾಡ ಬೊಪ್ಪಯ್ಯ ದೇವಯ್ಯ ಭಾರತೀಯ ವಾಯುಪಡೆಯಲ್ಲಿ ಸ್ಕ್ವಾಡ್ರನ್ ಲೀಡರ್. ಹೊಸಬರಿಗೆ ವಿಮಾನ ಹಾರಿಸಲು ಕಲಿಸುತ್ತಿದ್ದವರು. 1965ರ ಯುದ್ಧದ ಹೊತ್ತಿಗೆ 'ಟೈಗರ್ಸ್' ಎಂದು ಹೆಸರಾದ ಒಂದನೆಯ ಸ್ಕ್ವಾಡ್ರನ್‌ಗೆ ಬಂದರು. ಸೆಪ್ಟೆಂಬರ್ 7ರ ನಸುಕಿನಲ್ಲಿ ಆದಂಪುರದಿಂದ ಪಾಕಿಸ್ತಾನದ ಸರಗೋಧಾ ನೆಲೆಯ ಮೇಲೆ ದಾಳಿ ಹೊರಟಿತು. ಮುಂದಾಳು ವಿಂಗ್ ಕಮಾಂಡರ್ ಓ.ಪಿ. ತನೇಜಾ. ಹನ್ನೆರಡು ಮಿಸ್ಟೇರ್ ವಿಮಾನಗಳ ಯೋಜನೆ. ದೇವಯ್ಯ ಬದಲಿಗೆ ಇದ್ದವರು. ಯಾವುದಾದರೂ ವಿಮಾನ ಹಿಂದುಳಿದರೆ ಮಾತ್ರ ಅವರ ಸರದಿ. ಒಂದು ಹಿಂದುಳಿಯಿತು. ದೇವಯ್ಯ ಸೇರಿಕೊಂಡರು. ಉಳಿದವರು ಮರಳಿದರು, ದೇವಯ್ಯ ಮರಳಲಿಲ್ಲ. ಕಡತದಲ್ಲಿ 'ಕಾಣೆಯಾದವರು' ಎಂದು ದಾಖಲಾಯಿತು.

ನೆಲದ ಮೇಲಿನ ಯುದ್ಧದಲ್ಲಿ ಪಕ್ಕದವನು ಬಿದ್ದದ್ದು ಕಣ್ಣಿಗೆ ಬೀಳುತ್ತದೆ. ಆಕಾಶದಲ್ಲಿ ಹಾಗಲ್ಲ. ಎಲ್ಲರೂ ತಗ್ಗಿನಲ್ಲಿ, ಅಪಾರ ವೇಗದಲ್ಲಿ, ಮನೆಯ ದಿಕ್ಕು ಹಿಡಿದಿರುತ್ತಾರೆ. ಹಿಂದೆ ಉಳಿದವನಿಗೆ ಏನಾಯಿತೆಂದು ಹೇಳಲು ಸಾಕ್ಷಿಯಿಲ್ಲ. ಸಾಕ್ಷಿ ಬಂದದ್ದು ಎದುರಾಳಿಯ ಕಡೆಯಿಂದ. ಬ್ರಿಟಿಷ್ ಲೇಖಕ ಜಾನ್ ಫ್ರಿಕರ್ ಪಾಕಿಸ್ತಾನದ ವಾಯುಯುದ್ಧದ ಬಗ್ಗೆ ಬರೆದ ಪುಸ್ತಕ 1979ರಲ್ಲಿ ಹೊರಬಂತು. ಅದರ ಪ್ರಕಾರ ಸರಗೋಧಾದಿಂದ ಮರಳುತ್ತಿದ್ದ ಒಂದು ಮಿಸ್ಟೇರ್ ವಿಮಾನವನ್ನು ಪಾಕಿಸ್ತಾನದ ಅಮ್ಜದ್ ಹುಸೇನ್ ಸ್ಟಾರ್‌ಫೈಟರ್‌ನಲ್ಲಿ ಬೆನ್ನಟ್ಟಿದ್ದರು. ಸ್ಟಾರ್‌ಫೈಟರ್ ಶಬ್ದದ ಎರಡರಷ್ಟು ವೇಗದಲ್ಲಿ ಹಾರಬಲ್ಲದು. ಮಿಸ್ಟೇರ್ ಅದರ ಮುಂದೆ ನಿಧಾನದ ವಿಮಾನ. ಗುಂಡೇಟು ತಗಲಿದ ಮೇಲೂ ಆ ಮಿಸ್ಟೇರ್‌ನ ಚಾಲಕ ತಿರುಗಿಬಿದ್ದು, ಕಾದಿ, ಸ್ಟಾರ್‌ಫೈಟರ್‌ಗೆ ಗುಂಡು ಹೊಡೆದರು. ಅಮ್ಜದ್ ಪ್ಯಾರಾಚೂಟ್‌ನಲ್ಲಿ ಜಿಗಿದು ಬದುಕಿದರು. ಮಿಸ್ಟೇರ್‌ನಲ್ಲಿದ್ದವರು ಬದುಕಲಿಲ್ಲ.

ಅವರು ದೇವಯ್ಯನವರೇ. ತನ್ನ ಸ್ಕ್ವಾಡ್ರನ್‌ನ ಅಧಿಕಾರಿಗೆ ಆ ಬೆಳಿಗ್ಗೆ ಏನಾಯಿತೆಂಬುದು ಗೊತ್ತಾದ ಮೇಲೆ ತನೇಜಾ ಸುಮ್ಮನೆ ಕೂರಲಿಲ್ಲ. ಅಂದು ದಾಳಿಯನ್ನು ಮುನ್ನಡೆಸಿದ್ದಕ್ಕೆ ವೀರಚಕ್ರ ಪಡೆದಿದ್ದ ಅವರೇ ಈ ಸಾಹಸಕ್ಕೆ ಮನ್ನಣೆ ಸಿಗಬೇಕೆಂದು ಒತ್ತಾಯಿಸಿದರು. 1988ರಲ್ಲಿ ದೇವಯ್ಯನವರಿಗೆ ಮರಣೋತ್ತರ ಮಹಾವೀರ ಚಕ್ರ ಬಂತು. ಪತ್ನಿ ಸುಂದರಿ ದೇವಯ್ಯ ಸ್ವೀಕರಿಸಿದರು. ನಡುವೆ ಇಪ್ಪತ್ತಮೂರು ವರ್ಷ.

ಈ ಕಥೆಯನ್ನು 2025ರ ಹಿಂದಿ ಚಿತ್ರ 'ಸ್ಕೈ ಫೋರ್ಸ್' ಬೇರೆ ಹೆಸರುಗಳಲ್ಲಿ ತೆರೆಗೆ ತಂದಿದೆ. ನನ್ನ ಮನಸ್ಸು ನಿಲ್ಲುವುದು ವಿಮಾನಗಳ ಸೆಣಸಾಟಕ್ಕಿಂತ ಹೆಚ್ಚಾಗಿ ಆಮೇಲಿನ ಪತ್ರಗಳ ಕೆಲಸದಲ್ಲಿ. ಒಬ್ಬ ಯೋಧ ಮೇಜಿನ ಮುಂದೆ ಕೂತು, ಎರಡು ದಶಕದ ಹಿಂದಿನ ಒಂದು ಬೆಳಗನ್ನು ಕ್ರಮವಾಗಿ ನೆನೆದು, ಯಾರು ಯಾವ ವಿಮಾನದಲ್ಲಿದ್ದರು, ಯಾರು ಯಾವಾಗ ಸೇರಿಕೊಂಡರು ಎಂದು ಸರ್ಕಾರಕ್ಕೆ ಮನವರಿಕೆ ಮಾಡಿಕೊಡುವುದು. ಇಲ್ಲಿ ಉತ್ಪ್ರೇಕ್ಷೆ ನಡೆಯದು. ಒಂದು ಮಾತು ಹೆಚ್ಚಾದರೆ ಇಡೀ ಕೋರಿಕೆ ಬಿದ್ದುಹೋಗುತ್ತದೆ. ಉದ್ಯಾವರದ ಕಲ್ಲಿನ ಹಾಗೆ ಯಾರು, ಎಲ್ಲಿ, ಯಾರ ಜೊತೆ. ಎದುರಾಳಿಯ ಕಡೆಯ ಮಾತನ್ನೇ ಆಧಾರವಾಗಿ ಹಿಡಿದದ್ದರಲ್ಲಿ ಇನ್ನೊಂದು ಸೊಗಸಿದೆ. ಎದುರಿಗೆ ನಿಂತು ಕಾದಿದವನಿಗಿಂತ ದೊಡ್ಡ ಸಾಕ್ಷಿ ಯಾರು? ಅವನು ಒಪ್ಪಿದ ಮೇಲೆ ಹೊಗಳಿಕೆಯ ಅಗತ್ಯವೇ ಇಲ್ಲ.

ಕೊಡಗಿನಲ್ಲಿ ಈ ನೆನಪಿನ ಕೆಲಸ ಮುಂದುವರಿದಿದೆ. ಮಡಿಕೇರಿಯಲ್ಲಿ ದೇವಯ್ಯನವರ ಪ್ರತಿಮೆ ಇದೆ. ಜನರಲ್ ತಿಮ್ಮಯ್ಯನವರು ಹುಟ್ಟಿದ 'ಸನ್ನಿಸೈಡ್' ಮನೆಯಲ್ಲಿ ಬಹಳ ವರ್ಷ ಸಾರಿಗೆ ಕಚೇರಿ ನಡೆಯುತ್ತಿತ್ತು. ನಿವೃತ್ತ ಸೇನಾಧಿಕಾರಿಗಳು ಮುಂದೆ ನಿಂತ ಫೀಲ್ಡ್ ಮಾರ್ಷಲ್ ಕಾರ್ಯಪ್ಪ ಮತ್ತು ಜನರಲ್ ತಿಮ್ಮಯ್ಯ ಫೋರಂ ಹಟ ಹಿಡಿದು ಅದನ್ನು ವಸ್ತುಸಂಗ್ರಹಾಲಯವಾಗಿ ಮಾಡಿಸಿತು. 2021ರ ಫೆಬ್ರವರಿ 6ರಂದು ರಾಷ್ಟ್ರಪತಿ ರಾಮನಾಥ ಕೋವಿಂದ್ ಉದ್ಘಾಟಿಸಿದರು. ಹೊರಗೆ ಟ್ಯಾಂಕು, ವಿಮಾನಗಳಿವೆ. ಮಕ್ಕಳು ಅಲ್ಲಿಗೇ ಓಡುತ್ತಾರೆ. ಓಡಲಿ. ನಾನು ಹೆಚ್ಚು ಹೊತ್ತು ಕಳೆಯಬಯಸುವುದು ಒಳಗೆ, ಆ ಮನೆಯ ಕೋಣೆಗಳಲ್ಲಿ. ಸೇನಾಪತಿಯೊಬ್ಬ ಅಲ್ಲಿ ಅಂಬೆಗಾಲಿಟ್ಟಿದ್ದ ಎಂಬುದು ಗಾಜಿನ ಪೆಟ್ಟಿಗೆಯೊಳಗಿನ ಪದಕಗಳಿಗೂ ಒಂದು ಮನೆತನದ ಬಿಸುಪು ಕೊಡುತ್ತದೆ.

ಕಡಲಿನಲ್ಲಿ ಸತ್ತವರಿಗೆ ಕಲ್ಲು ನಿಲ್ಲಿಸುವುದೆಲ್ಲಿ? ಕಾಪುವಿನ ದೀಪಸ್ತಂಭದ ಬಂಡೆಯ ಮೇಲೆ ನಿಂತು ಪಶ್ಚಿಮಕ್ಕೆ ನೋಡುವಾಗ ಈ ಪ್ರಶ್ನೆ ಏಳುತ್ತದೆ. ಇದೇ ಅರಬ್ಬಿ ಸಮುದ್ರದಲ್ಲಿ, ಉತ್ತರಕ್ಕೆ ದಿಯು ಬಳಿ, 1971ರ ಡಿಸೆಂಬರ್ 9ರ ರಾತ್ರಿ ಪಾಕಿಸ್ತಾನದ ಹಂಗೋರ್ ಜಲಾಂತರ್ಗಾಮಿಯ ಟಾರ್ಪಿಡೊ ತಗಲಿ ಐಎನ್ಎಸ್ ಖುಕ್ರಿ ಮುಳುಗಿತು. 18 ಅಧಿಕಾರಿಗಳು, 176 ನಾವಿಕರು ಸತ್ತರು. ಕ್ಯಾಪ್ಟನ್ ಮಹೇಂದ್ರನಾಥ ಮುಲ್ಲಾ ಹಡಗು ಬಿಟ್ಟು ಬರಲಿಲ್ಲ. ದಿಯುವಿನ ಕಡಲ ಬದಿಯಲ್ಲಿ ಗಾಜಿನ ಮನೆಯೊಳಗೆ ಖುಕ್ರಿಯ ಮಾದರಿಯನ್ನು ಇಟ್ಟಿದ್ದಾರೆ. ಆದರೆ ಆ ರಾತ್ರಿಯ ಒಳಗನ್ನು ನಮಗೆ ಉಳಿಸಿಕೊಟ್ಟವರು ಮೇಜರ್ ಜನರಲ್ ಇಯಾನ್ ಕಾರ್ಡೋಜೊ. ಅದೇ ಯುದ್ಧದಲ್ಲಿ, ಗೂರ್ಖಾ ಪಡೆಯಲ್ಲಿ, ಕಾಲು ಕಳೆದುಕೊಂಡವರು. ಬದುಕುಳಿದ ನಾವಿಕರನ್ನು ಹುಡುಕಿ, ಕೂರಿಸಿ, ಅವರ ಮಾತಿನಲ್ಲೇ ಕೇಳಿ 2006ರಲ್ಲಿ ಪುಸ್ತಕ ತಂದರು. ಭೂಸೇನೆಯವರೊಬ್ಬರು ನೌಕಾಪಡೆಯವರ ಕಥೆಗೆ ಕಿವಿಯಾದದ್ದು ನನಗೆ ಬಹಳ ಇಷ್ಟವಾದ ಸಂಗತಿ. ಕೇಳುವವನೂ ಯುದ್ಧ ಕಂಡವನಾದರೆ ಹೇಳುವವನು ಎಷ್ಟೋ ವಿವರಣೆಯನ್ನು ಬಿಟ್ಟು ನೇರ ವಿಷಯಕ್ಕೆ ಬರಬಹುದು.

ನಮ್ಮ ತುಳುನಾಡು ಕಲ್ಲಿಗಿಂತ ಹೆಚ್ಚಾಗಿ ಕಂಠವನ್ನು ನಂಬಿದ ನಾಡು. ಉಡುಪಿ, ಕಾಪು, ಕಾರ್ಕಳದ ಸುತ್ತ ಎಲ್ಲಿ ಹೋದರೂ ಗರಡಿಗಳು ಸಿಗುತ್ತವೆ. ಅಂಗಸಾಧನೆಯ ಜಾಗ ದೈವದ ಸ್ಥಾನವೂ ಆಗಿ, ಎಣ್ಮೂರಿನ ಕಾಳಗದಲ್ಲಿ ಮುಗಿದ ಅವಳಿ ವೀರರು ಕೋಟಿ ಚೆನ್ನಯರು ಅಲ್ಲಿ ನೇಮ ಪಡೆಯುತ್ತಾರೆ. ಅಣ್ಣ ಬಿದ್ದ ಮೇಲೆ ತಮ್ಮ ಉಳಿಯಲಿಲ್ಲ ಎಂಬ ಆ ಕಥೆಯನ್ನು ಹೆಂಗಸರು ಗದ್ದೆಯಲ್ಲಿ ನೇಜಿ ನೆಡುತ್ತ ಪಾಡ್ದನದಲ್ಲಿ ಹಾಡಿಕೊಂಡು ಬಂದರು. ಒಬ್ಬಳು ಎತ್ತುತ್ತಾಳೆ, ಉಳಿದವರು ದನಿಗೂಡಿಸುತ್ತಾರೆ, ಕೈ ಕೆಸರಿನಲ್ಲಿ ಸಾಗುತ್ತಿರುತ್ತದೆ. ಆ ಹಾಡಿನಲ್ಲೂ ಊರುಗಳ ಹೆಸರು, ದಾರಿ, ಕಟ್ಟೆ, ಯಾರ ಮನೆಯಲ್ಲಿ ನೀರು ಕುಡಿದರು ಎಂಬುದೆಲ್ಲ ಒಂದೂ ಬಿಡದೆ ಬರುತ್ತದೆ. ಶತಮಾನಗಳು ಕಳೆದರೂ ಆ ಅವಳಿಗಳು ನಮಗೆ ನೆರೆಮನೆಯ ಹುಡುಗರಂತೆ ಅನಿಸುವುದು ಈ ಸಣ್ಣ ವಿವರಗಳ ಬಲದಿಂದ. ಗರಡಿಯೊಳಗೆ ಅವರ ಸುರಿಯ, ಆ ಚೂಪು ಕಠಾರಿ, ಪೂಜೆಗೊಳ್ಳುತ್ತದೆ. ದೀಪದ ಬೆಳಕಿನಲ್ಲಿ ಅದನ್ನು ನೋಡಿದವರಿಗೆ ಆಯುಧವೊಂದು ಎಷ್ಟು ಚೆಲುವಾಗಿ ಮುಪ್ಪಾಗಬಲ್ಲದು ಎಂಬುದು ಗೊತ್ತು.

ಉಡುಪಿಯ ಅಜ್ಜರಕಾಡಿನಲ್ಲಿ ಹುತಾತ್ಮ ಯೋಧರ ಸ್ಮಾರಕವಿದೆ. ಜುಲೈ 26ರಂದು, ಕಾರ್ಗಿಲ್ ವಿಜಯ ದಿವಸದ ದಿನ, ಅಲ್ಲಿ ಹೂಗುಚ್ಛ ಇರಿಸುತ್ತಾರೆ. ನಮ್ಮ ಕಡೆ ಆಟಿ ತಿಂಗಳು ಅದು, ಮಳೆ ಬಿಡದ ಕಾಲ. ಇಂಥ ದಿನಗಳಲ್ಲಿ ಮಾಜಿ ಸೈನಿಕರನ್ನು ಗುರುತಿಸುವುದು ಕಷ್ಟವಲ್ಲ. ವಯಸ್ಸಾದರೂ ಬೆನ್ನು ನೆಟ್ಟಗೆ, ಅಂಗಿಯ ಎಡಭಾಗಕ್ಕೆ ಪದಕಗಳ ಸಾಲು, ಇಸ್ತ್ರಿಯ ಗೆರೆ. ಭಾಷಣಗಳು ತಮ್ಮ ಪಾಡಿಗೆ ನಡೆಯುತ್ತವೆ. ನಾನು ನೋಡುವುದು ಅವರ ಸಲ್ಯೂಟ್. ಕೈ ಸರಕ್ಕನೆ ಮೇಲೇರಿ, ಹುಬ್ಬಿನ ಬಳಿ ನಿಂತು, ಒಂದು ಗಳಿಗೆ ಅಲ್ಲೇ ಉಳಿದು, ಇಳಿಯುತ್ತದೆ. ಮುಂದಾಳುಗಳ ಕೈಯಲ್ಲಿ ಆ ಒಂದು ಗಳಿಗೆ ಇರುವುದಿಲ್ಲ.

ದೆಹಲಿಯ ರಾಷ್ಟ್ರೀಯ ಯುದ್ಧ ಸ್ಮಾರಕ 2019ರ ಫೆಬ್ರವರಿ 25ರಂದು ಉದ್ಘಾಟನೆಯಾಯಿತು. ಅಲ್ಲಿನ ತ್ಯಾಗ ಚಕ್ರದ ಗೋಡೆಗಳಲ್ಲಿ ಗ್ರಾನೈಟ್ ಫಲಕಗಳ ಮೇಲೆ ಆ ಹೊತ್ತಿಗೆ 25,942 ಹೆಸರುಗಳನ್ನು ಕೆತ್ತಿದ್ದರು. ಪ್ರತಿಯೊಬ್ಬರಿಗೂ ಒಂದೇ ಅಳತೆಯ ಕಲ್ಲು. ಸುತ್ತು ಹಾಕುತ್ತ ಹೋದರೆ ಮೊದಲು ಸಂಖ್ಯೆ ಮನಸ್ಸನ್ನು ತುಂಬುತ್ತದೆ, ಆಮೇಲೆ ಯಾವುದೋ ಒಂದು ಹೆಸರು ಕಣ್ಣನ್ನು ಹಿಡಿದು ನಿಲ್ಲಿಸುತ್ತದೆ. ಆ ಹೆಸರಿನ ಹಿಂದಿನ ಮನುಷ್ಯನನ್ನು ಕಂಡು ಬಲ್ಲವರು ಇನ್ನೂ ಎಲ್ಲೋ ಒಂದು ಊರಿನಲ್ಲಿ ಇದ್ದಾರೆ.

ನಮ್ಮ ಊರುಗಳಲ್ಲೂ ಇದ್ದಾರೆ. ಮಾಜಿ ಸೈನಿಕರ ಮನೆಯ ಚಾವಡಿಯಲ್ಲಿ ಗೋಡೆಗೆ ತೂಗುಹಾಕಿದ ಗ್ರೂಪ್ ಫೋಟೋ ನೋಡಿದ್ದೀರಾ? ನನಗೆ ಅದು ಯಾವ ಸ್ಮಾರಕಕ್ಕೂ ಕಡಿಮೆಯದಲ್ಲ. ಮುಂದಿನ ಸಾಲಿನಲ್ಲಿ ಕುರ್ಚಿಯ ಮೇಲೆ ಅಧಿಕಾರಿಗಳು, ಮೊಣಕಾಲ ಮೇಲೆ ಒಂದೇ ರೀತಿ ಇಟ್ಟ ಕೈಗಳು. ಹಿಂದೆ ನಿಂತವರು, ಅವರ ಹಿಂದೆ ಬೆಂಚಿನ ಮೇಲೆ ಹತ್ತಿ ನಿಂತವರು. ಕೆಳಗೆ ಪುಟ್ಟ ಅಕ್ಷರಗಳಲ್ಲಿ ಎಡದಿಂದ ಬಲಕ್ಕೆ ಹೆಸರುಗಳು, ಪಕ್ಕದಲ್ಲಿ ಘಟಕ ಮತ್ತು ವರ್ಷ. ಎಲ್ಲರೂ ಕ್ಯಾಮೆರಾವನ್ನೇ ನೋಡುತ್ತಿದ್ದರೂ ಪ್ರತಿ ಫೋಟೋದಲ್ಲೂ ಒಬ್ಬ ಇರುತ್ತಾನೆ, ನಗು ತಡೆಯಲಾಗದವನು. ಯಜಮಾನರು ಅವನ ಮೇಲೆ ಬೆರಳಿಟ್ಟೇ ಮಾತು ಶುರುಮಾಡುತ್ತಾರೆ. ಅವರಿಗೆ ಕೆಳಗಿನ ಅಕ್ಷರ ಬೇಕಾಗಿಲ್ಲ, ಓದಲು ಈಗ ಕಣ್ಣೂ ಸಾಲದು. ಇವನು ಮರಾಠ, ಇವನು ಗಡ್ವಾಲದವ, ಇವನು ನಮ್ಮ ಕಾರ್ಕಳದ ಕಡೆಯವನೇ, ತುಳುವಿನಲ್ಲಿ ಮಾತಾಡಲು ಇಡೀ ಘಟಕದಲ್ಲಿ ನಾವಿಬ್ಬರೇ ಎಂದು ಒಂದೊಂದೇ ಮುಖಕ್ಕೆ ಬರುತ್ತಾರೆ. ಸತ್ತವರ ಮುಖದ ಬಳಿಗೂ ದನಿ ಏರುವುದಿಲ್ಲ. ಆ ದಿನ ಹವೆ ಹೇಗಿತ್ತು, ಯಾರು ಮುಂದಿದ್ದರು, ಯಾರು ಹಿಂದೆ ಎಂದು ಹೇಳಿ ಮುಂದಿನ ಮುಖಕ್ಕೆ ಹೋಗುತ್ತಾರೆ.

ಆ ಫೋಟೋಗಳು ಸುರಕ್ಷಿತವಾಗಿವೆ, ಕಟ್ಟು ಗಟ್ಟಿಯಿದೆ, ಗಾಜು ಒರೆಸಿ ಇಡುತ್ತಾರೆ. ಬೆರಳಿನ ಜೊತೆ ಹೊರಡುವ ಮಾತು ಮಾತ್ರ ಎಲ್ಲೂ ದಾಖಲಾಗುತ್ತಿಲ್ಲ. ಪಕ್ಕದಲ್ಲೇ ಮಣಿಪಾಲವಿದೆ, ಪತ್ರಿಕೋದ್ಯಮ ಕಲಿಯುವ ಮಕ್ಕಳಿದ್ದಾರೆ, ಎಲ್ಲರ ಜೇಬಿನಲ್ಲೂ ಧ್ವನಿ ಹಿಡಿಯುವ ಫೋನಿದೆ. ಮಳೆಗಾಲದ ಒಂದು ಮಧ್ಯಾಹ್ನ ಹೋಗಿ ಕೂತರೆ ಆ ಮನೆಯವರು ಚಹಾ ಕೊಡುತ್ತಾರೆ, ಫೋಟೋವನ್ನು ಗೋಡೆಯಿಂದ ಇಳಿಸಿ ಮಡಿಲಿಗೇ ಕೊಡುತ್ತಾರೆ. ದೇಶಭಕ್ತಿ ಎಂದರೇನು ಎಂದು ಕೇಳಬೇಡಿ. ಅದಕ್ಕೆ ಅವರು ಎಲ್ಲರೂ ಹೇಳುವ ಉತ್ತರವನ್ನೇ ಹೇಳಿ ಮುಗಿಸುತ್ತಾರೆ. ಹಿಂದಿನ ಸಾಲಿನಲ್ಲಿ ಎಡದಿಂದ ಮೂರನೆಯವರು ಯಾರು ಎಂದು ಕೇಳಿ. ಅವರ ಊರು ಯಾವುದು, ರಜೆಗೆ ಹೊರಟಾಗ ಟ್ರಂಕಿನಲ್ಲಿ ಏನು ಒಯ್ಯುತ್ತಿದ್ದರು, ಅವರ ಮನೆಗೆ ಆಮೇಲೆ ಯಾರಾದರೂ ಕಾಗದ ಬರೆದರೇ, ಆ ಕಾಗದಕ್ಕೆ ಉತ್ತರ ಬಂತೇ ಎಂದು ಕೇಳಿ.